ಸರ್ಕಾರಿ ಅಭಿಯೋಜಕರ ನೇಮಕ ಪ್ರಶ್ನಿಸಿ ಗೆದ್ದದ್ದು: ನನ್ನ ಅನುಭವ

ವಕೀಲರ ಸಂಘದ ಕೋಣೆಯಲ್ಲಿ ಎರಡು ವರ್ಷ ನನ್ನನ್ನು ಕಂಡವರೆಲ್ಲ, "ಸಾಹೇಬರೇ, ನಿಮ್ಮ ರಿಟ್ ಎಲ್ಲಿಗೆ ಬಂತು?" ಎಂದು ಕೇಳಿ ನಗುತ್ತಿದ್ದರು. ಕ್ರಿಮಿನಲ್ ಮೊಕದ್ದಮೆಗಳಲ್ಲಿ ಸರ್ಕಾರದ ಪರ ವಾದಿಸುವ ಅಭಿಯೋಜಕರ ನೇಮಕ ಪ್ರಶ್ನಿಸಿ ಹೈಕೋರ್ಟಿಗೆ ಹಾಕಿದ ಅರ್ಜಿಯೇ ಆ ರಿಟ್. ಸರ್ಕಾರವೂ ಒಬ್ಬ ಕಕ್ಷಿದಾರ, ತನಗೆ ಬೇಕಾದ ವಕೀಲರನ್ನು ಇಟ್ಟುಕೊಳ್ಳುತ್ತದೆ, ಕೇಳಲು ನೀವು ಯಾರು ಎಂಬುದು ಅವರ ಮಾತು. ಈಗ ಅದೇ ಮಂದಿ ನನ್ನ ಗುಮಾಸ್ತನ ಹತ್ತಿರ ಅರ್ಜಿಯ ಪ್ರತಿ ಕೇಳುತ್ತಿದ್ದಾರೆ.

ಮೊದಲು ಸೋತ ಕಥೆ. ಏಳೆಂಟು ವರ್ಷದ ಹಿಂದೆ ನನಗಿಂತ ಕಿರಿಯರೊಬ್ಬರು ಹೆಚ್ಚುವರಿ ಸರ್ಕಾರಿ ಅಭಿಯೋಜಕರಾದರು. ನಾನೂ ಆ ಹುದ್ದೆಗೆ ಅರ್ಜಿ ಹಾಕಿದ್ದೆ. ಸಿಟ್ಟಿನಲ್ಲಿ ಮೂವತ್ತು ಪುಟದ ರಿಟ್ ಬರೆದೆ. ಅವರ ಪಕ್ಷ, ನೆಂಟಸ್ತಿಕೆ, ಅವರು ನಡೆಸಿದ ಮೊಕದ್ದಮೆಗಳು ಎಷ್ಟು ಕಡಿಮೆ ಎಂಬುದು, ಯಾವುದನ್ನೂ ಬಿಡಲಿಲ್ಲ. ಕೊನೆಗೆ ಹುದ್ದೆಯನ್ನು ನನಗೇ ಕೊಡಬೇಕೆಂಬ ಕೋರಿಕೆ ಬೇರೆ! 2016ರ ಬ್ರಿಜೇಶ್ವರ್ ಸಿಂಗ್ ಚಾಹಲ್ ತೀರ್ಪು ಆಗಿನ್ನೂ ಬಿಸಿಬಿಸಿ. ಪಂಜಾಬ್ ಮತ್ತು ಹರಿಯಾಣದ ಕಾನೂನು ಅಧಿಕಾರಿಗಳ ನೇಮಕಕ್ಕೆ ಪಾರದರ್ಶಕ ವಿಧಾನ ಬೇಕೆಂದು ಸುಪ್ರೀಂ ಕೋರ್ಟ್ ಹೇಳಿದ್ದನ್ನೇ ನಂಬಿ ಕೂತಿದ್ದೆ. ಎದುರು ಪಕ್ಷದವರು ಸುಪ್ರೀಂ ಕೋರ್ಟಿನದೇ 2004ರ ಜೋಹ್ರಿ ಮಲ್ ತೀರ್ಪಿನ ನಾಲ್ಕು ಸಾಲು ಓದಿದರು. ಯಾರು ಯೋಗ್ಯರು ಎಂಬುದನ್ನು ನ್ಯಾಯಾಲಯ ತೂಗುವುದಿಲ್ಲ ಎಂದಾಯಿತು. ಹತ್ತು ನಿಮಿಷದಲ್ಲಿ ಅರ್ಜಿ ವಜಾ. ಹೋದ ಹಣ ನಲವತ್ತು ಸಾವಿರದ ಆಸುಪಾಸು. ಅದರಲ್ಲಿ ಕೋರ್ಟ್ ಫೀ ಲೆಕ್ಕಕ್ಕೇ ಇಲ್ಲ. ಕನ್ನಡದ ಕಾಗದಗಳನ್ನೆಲ್ಲ ಇಂಗ್ಲಿಷಿಗೆ ಮಾಡಿಸಿದ ಖರ್ಚು ಮತ್ತು ಧಾರವಾಡದ ಓಡಾಟವೇ ತಿಂದುಹಾಕಿತು.

ಆಮೇಲೆ ಅದೇ ಜೋಹ್ರಿ ಮಲ್ ತೀರ್ಪನ್ನು ತಣ್ಣಗೆ ಕೂತು ಓದಿದೆ. ಯೋಗ್ಯತೆಯನ್ನು ತೂಗುವುದಿಲ್ಲ ಎಂದವರು, ನೇಮಕ ಮಾಡಿದ ಕ್ರಮವನ್ನು ಪರಿಶೀಲಿಸಬಹುದು ಎಂದೂ ಹೇಳಿದ್ದಾರೆ. ನನ್ನನ್ನು ಹೊಡೆದ ಕೋಲು ನನ್ನ ಕೈಗೇ ಬಂತು. ಎರಡನೆಯ ಸಲ ರಿಟ್ ಹಾಕಿದಾಗ, ನೇಮಕವಾದವರ ಬಗ್ಗೆ ಒಂದು ಕೆಟ್ಟ ಮಾತೂ ಬರೆಯಲಿಲ್ಲ, ನನಗೆ ಹುದ್ದೆಯನ್ನೂ ಕೇಳಲಿಲ್ಲ. ಕೋ ವಾರಂಟೊ ಕೇಳಿದೆ, ಅಷ್ಟೇ. ಯಾವ ಅಧಿಕಾರದಿಂದ ಈ ಹುದ್ದೆಯಲ್ಲಿ ಕೂತಿದ್ದೀರಿ ಎಂದು ಯಾವ ನಾಗರಿಕನೂ ಕೇಳಬಹುದಾದ ರಿಟ್ ಅದು. ಕೇಳಲು ನೀವು ಯಾರು ಎಂಬ ಪ್ರಶ್ನೆ ಅಲ್ಲಿಗೆ ಮುಗಿಯಿತು. ಅಭಿಯೋಜಕರದ್ದು ಸಾರ್ವಜನಿಕ ಹೊಣೆಯ ಹುದ್ದೆ ಎನ್ನಲು ಸುಪ್ರೀಂ ಕೋರ್ಟಿನ 1990ರ ಶ್ರೀಲೇಖಾ ವಿದ್ಯಾರ್ಥಿ ತೀರ್ಪು ಸಾಕಾಯಿತು.

ನನ್ನ ಪ್ರಶ್ನೆ ಒಂದೇ. ದಂಡ ಪ್ರಕ್ರಿಯಾ ಸಂಹಿತೆಯ ಕಲಂ 24(4)ರಂತೆ ಜಿಲ್ಲಾ ದಂಡಾಧಿಕಾರಿ ಸೆಷನ್ಸ್ ನ್ಯಾಯಾಧೀಶರೊಂದಿಗೆ ಸಮಾಲೋಚಿಸಿ ಮಾಡಿದ ಪಟ್ಟಿಯಲ್ಲಿ ಈ ಹೆಸರು ಇತ್ತೇ? ಇಲ್ಲದಿದ್ದರೆ 24(5) ನೇಮಕವನ್ನೇ ತಡೆಯುತ್ತದೆ. (ಈಗಿನ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಇದು ಕಲಂ 18, ಒಳಗಿನ ಹೂರಣ ಅದೇ.) ಅಭಿಯೋಜಕರ ವೃಂದ, ಅಂದರೆ ಕಾಯಂ ಸೇವೆಯ ಅಭಿಯೋಜಕರ ಗುಂಪು, ಇರುವಲ್ಲಿ ಪಟ್ಟಿ ಬೇಡ ಎಂದು ಸರ್ಕಾರದ ಪರ ವಕೀಲರು ಎದ್ದರು. ನಾನು ಕಾಯುತ್ತಿದ್ದುದೇ ಅದಕ್ಕೆ. ವೃಂದ ಇದ್ದರೆ 24(6)ರಂತೆ ಹೊರಗಿನ ವಕೀಲರು ಬರುವಂತಿಲ್ಲ. ವೃಂದದಲ್ಲಿ ಯೋಗ್ಯರು ಸಿಗದಿದ್ದರೆ ಬರಬಹುದು, ಆದರೆ ಆ ಉಪಕಲಮಿನ ಪರಂತುಕದಂತೆ (ಅದಕ್ಕೆ ಸೇರಿಸಿದ ಷರತ್ತಿನಂತೆ) ಮತ್ತೆ ಅದೇ ಪಟ್ಟಿಯಿಂದ! ಯಾವ ಬಾಗಿಲಿನಿಂದ ಬಂದರೂ ಪಟ್ಟಿಯ ಮುಂದೆಯೇ ನಿಲ್ಲಬೇಕು.

ಇನ್ನು ಕಾಗದ ಹೊರತೆಗೆದದ್ದು. ಮಾಹಿತಿ ಹಕ್ಕಿನ ಅರ್ಜಿಗೆ ನಮ್ಮ ರಾಜ್ಯದಲ್ಲಿ 150 ಪದಗಳ ಮಿತಿ, ವಿಷಯವೂ ಒಂದೇ ಇರಬೇಕು. ಹಾಗಾಗಿ ನಾಲ್ಕು ಅರ್ಜಿ, ನಾಲ್ಕು ಸಲ ಹತ್ತು ರೂಪಾಯಿ. "ಕಡತ ಲಭ್ಯವಿಲ್ಲ" ಎಂಬ ಉತ್ತರ ಬಂತು. ಮೊದಲ ಮೇಲ್ಮನವಿಯಲ್ಲಿ ಕಡತ ಸಿಕ್ಕಿತು. ಪಟ್ಟಿಯಲ್ಲಿ ಐದು ಹೆಸರು; ನೇಮಕವಾದವರದ್ದಿಲ್ಲ. ಆದರೆ ನ್ಯಾಯಾಲಯಕ್ಕೆ ಸರ್ಕಾರ ಸಲ್ಲಿಸಿದ ಆಕ್ಷೇಪಣೆಯ ಜೊತೆಗಿದ್ದ ಪಟ್ಟಿಯಲ್ಲಿ ಆರು ಹೆಸರು, ಆರನೆಯದು ಅವರದೇ! ಪತ್ರದ ತಾರೀಖು ನೇಮಕದ ಅಧಿಸೂಚನೆಗಿಂತ ಒಂದು ವಾರ ಹಿಂದಿನದು.

ಆ ರಾತ್ರಿ ನಿದ್ದೆ ಬರಲಿಲ್ಲ. ಬೆಳಿಗ್ಗೆ ಆ ಪತ್ರದ ಮೇಲಿನ ಸಂಖ್ಯೆ ಕಣ್ಣಿಗೆ ಬಿತ್ತು. ಕಚೇರಿಯಿಂದ ಹೊರಹೋಗುವ ಪತ್ರಗಳನ್ನು ಸಂಖ್ಯೆ ಹಾಕಿ ಬರೆದಿಡುವ ರವಾನೆ ವಹಿಯ ಆ ಒಂದು ಪುಟದ ದೃಢೀಕೃತ ನಕಲು ತರಿಸಿದೆ. ಅದೇ ಸಂಖ್ಯೆಯ ಎದುರು ನೀಲಿ ಶಾಯಿಯಲ್ಲಿ ಬರೆದಿದ್ದದ್ದು ಜೀಪಿನ ಡೀಸೆಲ್ ಬಿಲ್ಲು. ಎರಡು ರೂಪಾಯಿಯ ಹಾಳೆ ಅದು. ಮೂವತ್ತು ದಿನ ಕಾಯದೆ ಅದನ್ನು ಹೇಗೆ ಪಡೆದೆ ಎಂಬುದನ್ನು ಮಾತ್ರ ಇಲ್ಲಿ ಬರೆಯುವುದಿಲ್ಲ. ಇನ್ನೂ ಎರಡು ಪ್ರಕರಣಗಳು ನನ್ನ ಕೈಯಲ್ಲಿವೆ.

ಇದೇ ಹುರುಪಿನಲ್ಲಿ ಒಂದು ಸ್ಥಳೀಯ ಸಂಸ್ಥೆಯ ವಕೀಲರ ಪಟ್ಟಿಗೂ ಕೈ ಹಾಕಿದೆ. ಅಲ್ಲಿ ಹಿಡಿಯಲು ಇಂಥ ಕಲಮೇ ಇಲ್ಲ, ಬರೀ ಸಂವಿಧಾನದ 14ನೇ ವಿಧಿ, ಸಮಾನತೆಯ ಹಕ್ಕು. ಹನ್ನೆರಡು ಸಾವಿರ ಖರ್ಚಾಗಿ ಅರ್ಜಿ ಹಿಂಪಡೆದೆ. ಸರ್ಕಾರ ಬದಲಾದಾಗ ಕೆಲಸ ಕಳೆದುಕೊಂಡ ಗೆಳೆಯರೊಬ್ಬರಿಗಾಗಿ ಶ್ರೀಲೇಖಾ ವಿದ್ಯಾರ್ಥಿಯನ್ನು ಮತ್ತೆ ಹಿಡಿದೆ. ಅಲ್ಲಿ ಉತ್ತರ ಪ್ರದೇಶದ ಎಲ್ಲ ಜಿಲ್ಲೆಗಳ ಸರ್ಕಾರಿ ವಕೀಲರನ್ನು ಒಂದೇ ಸುತ್ತೋಲೆಯಲ್ಲಿ ತೆಗೆದಿದ್ದರು. ನನ್ನ ಗೆಳೆಯರು ಒಬ್ಬರೇ. ಮೂರು ತಿಂಗಳ ತಡೆಯಾಜ್ಞೆ ಸಿಕ್ಕಿತು, ಆಮೇಲೆ ಏನೂ ಇಲ್ಲ.

ಗೆದ್ದ ಆದೇಶ ಆರೇಳು ಪುಟದ್ದು. ನೇಮಕ ರದ್ದು, ಹೊಸ ಪಟ್ಟಿ ಮಾಡಿ ಎಂದು ಸೂಚನೆ. ಖರ್ಚು ಕೊಡಿಸಲಿಲ್ಲ. ಈ ಸಲ ನನಗೆ ತಗುಲಿದ್ದು ಹದಿನೆಂಟು ಸಾವಿರದೊಳಗೆ. ವಾದ ನನ್ನದೇ, ಅನುವಾದವೂ ನನ್ನದೇ. ಹೊಸ ಪಟ್ಟಿಗೆ ನಾನು ಅರ್ಜಿ ಹಾಕಲಿಲ್ಲ. ಹುದ್ದೆ ಕಳೆದುಕೊಂಡವರು ಹಾಕಿದರು, ಅವರ ಹೆಸರು ಮೂರನೆಯದಾಗಿ ಬಂತು, ಮತ್ತೆ ಅವರೇ ನೇಮಕವಾದರು. ಕೋಣೆಯಲ್ಲಿ ಈಗ ಅದಕ್ಕೂ ನಗುತ್ತಾರೆ. ನಗಲಿ. ಆ ಪಟ್ಟಿಯನ್ನೂ ಹತ್ತು ರೂಪಾಯಿ ಕಟ್ಟಿ ತರಿಸಿ ನೋಡಿದೆ, ರವಾನೆ ವಹಿಯ ಪುಟದ ಸಮೇತ. ಸಂಖ್ಯೆ ಸರಿಯಾಗಿದೆ.