ಬೆನ್ನಿನ ಮೇಲೆ ಗುಂಡುಸೂಜಿ ಹೊತ್ತ ತಿಗಣೆ: ಗೇರು ತೋಟದಲ್ಲಿ ನನ್ನ ಅನುಭವ

ಈ ಸಲ ನಮ್ಮ ಗುಡ್ಡದ ಗೇರಿನಿಂದ ಹೆಚ್ಚುಕಡಿಮೆ 4 ಕ್ವಿಂಟಲ್ ಬೀಜ ಬಂತು. ಅಂಕೋಲೆಯ ಹತ್ತಿರ 2 ಎಕರೆ ಚಿರೆಕಲ್ಲಿನ ಜಾಗ, ಸುಮಾರು 90 ಮರ. ಐದಾರು ವರ್ಷದ ಹಿಂದೆ ಇವೇ ಮರಗಳಿಂದ ಒಂದೂವರೆ ಕ್ವಿಂಟಲ್ ಆಯುವಷ್ಟರಲ್ಲಿ ಸಾಕುಸಾಕಾಗುತ್ತಿತ್ತು. ಮರವೂ ಅವೇ, ಗೊಬ್ಬರವೂ ಅದೇ. ಒಂದು ಕೀಟವನ್ನು ಕಣ್ಣಾರೆ ಗುರುತಿಸಲು ಕಲಿತೆ.

ಆ ಕೀಟ ಟೀ ಸೊಳ್ಳೆ. ಹೆಸರಿಗೆ ಸೊಳ್ಳೆ, ನಿಜವಾಗಿ ಚಿಗುರು, ಹೂವಿನ ರಸ ಹೀರುವ ತಿಗಣೆ. ಗೇರು ಬೆಳೆಯುವ ಎಲ್ಲರಿಗೂ ಹೆಸರು ಗೊತ್ತು, ನೋಡಿದವರು ಕಡಿಮೆ. ಡಿಸೆಂಬರಿನಲ್ಲಿ ಹೂಗೊಂಚಲು ಕರಕಾದರೆ ನಮ್ಮ ಕಡೆ ಮೋಡದ ಮೇಲೆ ಹಾಕುತ್ತಾರೆ. ನಾನೂ ಹಾಗೇ ನಂಬಿದ್ದೆ. ಔಷಧದ ಅಂಗಡಿಯವರು ಶಿಲೀಂಧ್ರ ಎಂದರು, ಎರಡು ಹಂಗಾಮು ತಾಮ್ರದ ಔಷಧ ಹೊಡೆಸಿದೆ. ಏಳೆಂಟು ಸಾವಿರ ಹೋಯಿತು, ಗೊಂಚಲು ಒಣಗುವುದು ನಿಲ್ಲಲಿಲ್ಲ. ತಿಗಣೆ ಮಾಡಿದ ಗಾಯದಲ್ಲಿ ಆಮೇಲೆ ಶಿಲೀಂಧ್ರ ಸೇರುವುದು ನಿಜ. ಆದರೆ ಬಾಗಿಲು ತೆರೆದವನನ್ನು ಬಿಟ್ಟು ಹಿಂದೆ ನುಗ್ಗಿದವನನ್ನು ಹೊಡೆಯುತ್ತಿದ್ದೆ. ಮೂರನೆಯ ವರ್ಷ ಚಿಗುರಿಗೊಮ್ಮೆ, ಹೂವಿಗೊಮ್ಮೆ, ಬೀಜ ಕಚ್ಚುವಾಗ ಒಮ್ಮೆ ಎಂದು ಕೀಟನಾಶಕ ಹೊಡೆಸಿದೆ. ಆಳು, ಪಂಪಿನ ಬಾಡಿಗೆ ಸೇರಿ 9 ಸಾವಿರ ದಾಟಿತು. ಫಸಲು ಸ್ವಲ್ಪ ಏರಿತು, ಉಳಿದದ್ದು ಏನೂ ಇಲ್ಲ.

ಆಮೇಲೆ ಹಳೆಯ ಬಿಳಿ ಪಂಚೆ ಹಿಡಿದು ಬೆಳಗಿನ ಜಾವ ಗುಡ್ಡ ಹತ್ತತೊಡಗಿದೆ. ಮಧ್ಯಾಹ್ನ ಎಷ್ಟು ಹುಡುಕಿದರೂ ಸಿಗದ ಕೀಟ ಬೆಳಿಗ್ಗೆ ಆರೂವರೆಗೆ ಚಿಗುರಿನ ತುದಿಯಲ್ಲೇ ಕುಳಿತಿತ್ತು. ಬಿಸಿಲು ಏರಿದರೆ ಎಲೆಯಡಿ ಸೇರಿಕೊಳ್ಳುತ್ತದೆ. ಕೆಳಗೆ ಪಂಚೆ ಹಾಸಿ ಕೊಂಬೆ ತಟ್ಟಿದಾಗ ಬಿದ್ದದ್ದನ್ನು ಲೆನ್ಸಿನಲ್ಲಿ ನೋಡಿದೆ. ಕಪ್ಪು ತಲೆ, ಕೆಂಪು ಎದೆ, ಕಪ್ಪು ಬಿಳುಪಿನ ಹೊಟ್ಟೆ, ಮೈಗಿಂತ ಎಷ್ಟೋ ಉದ್ದದ ಮೀಸೆ. ಬೆನ್ನಿನ ನಡುವೆ ನೆಟ್ಟಗೆ ನಿಂತ ಒಂದು ಮುಳ್ಳು, ಅದರ ತುದಿಯಲ್ಲಿ ಗುಂಡು, ಥೇಟ್ ಗುಂಡುಸೂಜಿ. ಟೀ ಸೊಳ್ಳೆ ಸೇರಿರುವ ಹೆಲೋಪೆಲ್ಟಿಸ್ ಗುಂಪಿನ ಗುರುತೇ ಅದು. ಮರಿಗಳು ಕಿತ್ತಳೆ ಬಣ್ಣದವು, ಇರುವೆಯ ಹಾಗೆ ಓಡುತ್ತವೆ. ತೀರಾ ಎಳೆಯ ಮರಿಗೆ ಸೂಜಿ ಇರುವುದಿಲ್ಲ, ಅಲ್ಲೇ ಬಹಳ ಜನ ಮೋಸ ಹೋಗುವುದು.

ನಾನು ಮಾಡಿದ ದೊಡ್ಡ ತಪ್ಪು ಬೇರೆ. ಕೆಂಪು ಮೈಯ ಇನ್ನೊಂದು ತಿಗಣೆಯನ್ನು ಇದೇ ಎಂದು ತಿಳಿದು ಒಂದು ವಾರ ಹುಡುಕಿ ಹುಡುಕಿ ಕೊಂದೆ. ಅದರ ಕೊಕ್ಕು ದಪ್ಪ, ಕುಡುಗೋಲಿನ ಹಾಗೆ ಬಾಗಿದ್ದು. ಅದು ಟೀ ಸೊಳ್ಳೆಯನ್ನೇ ಹಿಡಿದು ಹೀರುವ ಬೇಟೆಗಾರ. ಟೀ ಸೊಳ್ಳೆಯ ಕೊಕ್ಕು ಕೂದಲಿನಷ್ಟು ಸಣ್ಣದು, ನೇರ.

ಇದರ ನಡುವೆ ಒಂದು ಪರೀಕ್ಷೆಯನ್ನೂ ಮಾಡಿದೆ. ಸೊಳ್ಳೆಪರದೆಯ ಚೀಲ ಹೊಲಿದು, ಒಂದು ಚಿಗುರಿಗೆ ಕಟ್ಟಿ, ಒಳಗೆ ಒಂದೇ ಒಂದು ತಿಗಣೆ ಬಿಟ್ಟೆ. ಅದು ಚುಚ್ಚಿದ ಜಾಗ ನೋಡನೋಡುತ್ತಲೇ ನೀರು ಕುಡಿದ ಕಾಗದದಂತಾಯಿತು. ಮರುದಿನ ಕಂದು, ಆಮೇಲೆ ಕಪ್ಪು ಗೀರು, ಅದರಿಂದ ಅಂಟಿನ ಹನಿ. ಒಂದು ದಿನದಲ್ಲಿ ಐವತ್ತು ಅರವತ್ತು ಕಲೆ ಎಣಿಸಿದ ನೆನಪು. ಹೀರಿದ ರಸ ಎಷ್ಟು ಮಹಾ? ಚುಚ್ಚುವಾಗ ಬಿಡುವ ಎಂಜಲಿನ ವಿಷಕ್ಕೇ ಚಿಗುರು ಸಾಯುವುದು. ಪೇರಲೆಯ ಕಾಯಿಗೆ ಬಿಟ್ಟು ನೋಡಿದೆ, ಅಲ್ಲಿ ಕಜ್ಜಿಯಂತಹ ಗಂಟು ಎದ್ದಿತು. ಮನೆಯ ಹಿಂದಿನ ಬೇವಿನ ತುದಿ ಯಾಕೆ ಒಣಗುತ್ತದೆ ಎಂಬುದೂ ಆಗಲೇ ತಿಳಿಯಿತು. ಬೇವಿನ ಮೇಲೂ ಇದರ ಸಂಸಾರ ಇದೆ.

ನಿಜವಾಗಿ ಕೆಲಸಕ್ಕೆ ಬಂದದ್ದು ಮೊಟ್ಟೆಯ ಗುರುತು. ಮೊಟ್ಟೆಯನ್ನು ಎಳೆ ಕಾಂಡದೊಳಗೆ ತೂರಿಸಿ ಇಡುತ್ತದೆ, ಹೊರಗೆ ಎರಡು ಬಿಳಿ ಎಳೆ ಮಾತ್ರ ಕಾಣುತ್ತವೆ, ಒಂದು ಗಿಡ್ಡ, ಒಂದು ಉದ್ದ. ಚಿಗುರನ್ನು ಓರೆ ಬಿಸಿಲಿಗೆ ಹಿಡಿದು ತಿರುಗಿಸಿದರೆ ಆ ಎಳೆ ಮಿಂಚುತ್ತದೆ. ಅಕ್ಟೋಬರ್ ಕೊನೆಯಿಂದ ವಾರಕ್ಕೆರಡು ಬಾರಿ ಗೊತ್ತುಮಾಡಿಕೊಂಡ ಹತ್ತು ಮರಗಳನ್ನು ಹೀಗೆ ನೋಡುತ್ತೇನೆ. ಆ ಹತ್ತನ್ನು ಹೇಗೆ ಆರಿಸಿದೆ ಎಂಬುದು ನನ್ನ ಬಳಿಯೇ ಇರಲಿ, ಅದಕ್ಕೆ ಎರಡು ವರ್ಷ ಕೊಟ್ಟಿದ್ದೇನೆ. ಎಳೆ ಕಂಡ ಮರಗಳಿಗೂ ಅವುಗಳ ಸುತ್ತಿನ ಮರಗಳಿಗೂ ಮಾತ್ರ ಔಷಧ, ಅದೂ ಜೇನುಹುಳು ಗೂಡು ಸೇರಿದ ಮೇಲೆ, ಸಂಜೆ. ಈಗ ಹಂಗಾಮಿಗೆ ಎರಡೂವರೆ, ಮೂರು ಸಾವಿರದಲ್ಲಿ ಮುಗಿಯುತ್ತದೆ.

ಚಗಳಿ, ಅಂದರೆ ಎಲೆ ಹೆಣೆದು ಗೂಡು ಕಟ್ಟುವ ಕೆಂಪಿರುವೆ, ಟೀ ಸೊಳ್ಳೆಯನ್ನು ದೂರವಿಡುತ್ತದೆ. ಅದರ ಗೂಡಿರುವ ಏಳೆಂಟು ಮರಗಳಿಗೆ ಔಷಧ ತಾಗಿಸುವುದೇ ಇಲ್ಲ. ಮರದಿಂದ ಮರಕ್ಕೆ ಹಗ್ಗ ಕಟ್ಟಿ ಚಗಳಿಗೆ ದಾರಿ ಮಾಡಿಕೊಟ್ಟಿದ್ದೇನೆ. ಆ ಮರಗಳ ಚಿಗುರು ನೋಡಲು ಚಂದ. ಬೀಜ ಆಯುವ ಹೆಂಗಸರು ಮಾತ್ರ ಕಚ್ಚಿಸಿಕೊಂಡು ಬೈಯುತ್ತಾರೆ, ಅವರಿಗೆ ದಿನಕ್ಕೆ 50 ರೂಪಾಯಿ ಹೆಚ್ಚು ಕೊಡುತ್ತೇನೆ. ಒಂದು ಗೂಡು ಇನ್ನೊಂದರ ಜೊತೆ ಕಾದಾಡುವುದನ್ನು ತಪ್ಪಿಸಲು ಇನ್ನೂ ಕಲಿಯುತ್ತಿದ್ದೇನೆ.

“ಮೋಡಕ್ಕೆ ಹೂ ಕರಕುವುದು ಅಜ್ಜನ ಕಾಲದಿಂದ ಇದೆ, ಪಂಚೆ ಹಾಸಿ ಹುಳ ಹಿಡಿದರೆ ಬೀಜ ಬರುತ್ತದೆಯೇ ಭಾವ?” ಎಂದಿದ್ದ ಪಕ್ಕದ ತೋಟದವರು ಕಳೆದ ಜನವರಿಯಲ್ಲಿ ಬೆಂಕಿಪೊಟ್ಟಣ ಹಿಡಿದು ಅಂಗಳಕ್ಕೆ ಬಂದರು. ಒಳಗೆ ಕೆಂಪು ತಿಗಣೆ. ಲೆನ್ಸ್ ಕೊಟ್ಟು, “ಬೆನ್ನಿನ ಮೇಲೆ ಸೂಜಿ ಇದೆಯೇ ನೋಡಿ, ಆಮೇಲೆ ಕೊಕ್ಕು ನೋಡಿ” ಎಂದೆ. ಬಹಳ ಹೊತ್ತು ನೋಡಿದರು. “ಸೂಜಿ ಇಲ್ಲ. ಕೊಕ್ಕು ಬಾಗಿದೆ” ಎಂದರು. ಪೊಟ್ಟಣ ಮುಚ್ಚಿ, ಹಿಡಿದ ಮರಕ್ಕೇ ಬಿಟ್ಟು ಬರಲು ಹೊರಟರು.