ಸ್ಕ್ರೂ ಬಿಚ್ಚಿ ಕಲಿತ ಥಿಂಕ್‌ಪ್ಯಾಡ್ ಚರಿತ್ರೆ

ಹುಬ್ಬಳ್ಳಿಯ ಕೊಪ್ಪಿಕರ ರಸ್ತೆಗೆ ಹೊಂದಿಕೊಂಡ ಓಣಿಯೊಂದರಲ್ಲಿ ಹಳೆಯ ಲ್ಯಾಪ್‌ಟಾಪ್‌ಗಳನ್ನು ಕೊಂಡು, ಬಿಚ್ಚಿ, ಸರಿಪಡಿಸಿ ಮಾರುವುದು ನನ್ನ ಕಸುಬು. ಬೆಂಗಳೂರಿನ ಕಚೇರಿಗಳಲ್ಲಿ ಬಾಡಿಗೆಯ ಅವಧಿ ಮುಗಿಸಿದ ಯಂತ್ರಗಳು ಲಾಟಿನಲ್ಲಿ ಹರಾಜಾಗಿ, ಎರಡು ಮೂರು ಕೈ ದಾಟಿ, ರಟ್ಟಿನ ಪೆಟ್ಟಿಗೆಗಳಲ್ಲಿ ಇಲ್ಲಿಗೆ ಬರುತ್ತವೆ. ಮೊದಮೊದಲು ಸಿಕ್ಕ ಕಂಪನಿಯ ಯಂತ್ರವನ್ನೆಲ್ಲ ತೆಗೆದುಕೊಳ್ಳುತ್ತಿದ್ದೆ. ಬರಬರುತ್ತ ಥಿಂಕ್‌ಪ್ಯಾಡ್ ಒಂದಕ್ಕೇ ನಿಂತೆ. ಅದಕ್ಕೆ ಅಭಿಮಾನ ಕಾರಣವಲ್ಲ. ಈ ಸಾಲಿನ ಪ್ರತಿಯೊಂದು ಮಾದರಿಗೂ ಯಾವ ಸ್ಕ್ರೂ ಮೊದಲು, ಯಾವುದು ಆಮೇಲೆ ಎಂದು ಚಿತ್ರಸಹಿತ ತಿಳಿಸುವ ನಿರ್ವಹಣಾ ಕೈಪಿಡಿಯನ್ನು ಕಂಪನಿಯೇ ಎಲ್ಲರಿಗೂ ತೆರೆದಿಟ್ಟಿದೆ, ಪ್ರತಿ ಬಿಡಿಭಾಗದ ಮೇಲೂ ಅದು ಯಾವ ಭಾಗ ಎಂದು ಗುರುತಿಸುವ ಎಫ್‌ಆರ್‌ಯು ಸಂಖ್ಯೆ ಇರುತ್ತದೆ, ಆ ಸಂಖ್ಯೆಯೊಂದನ್ನು ಹೇಳಿದರೆ ಬೆಂಗಳೂರಿನ ಎಸ್.ಪಿ. ರಸ್ತೆಯ ವ್ಯಾಪಾರಿ ತಪ್ಪಿಲ್ಲದ ಭಾಗವನ್ನೇ ಕಳಿಸುತ್ತಾನೆ. ಹೀಗೆ ಒಂದೇ ಸಾಲಿನ ಯಂತ್ರಗಳನ್ನು ವರ್ಷಗಟ್ಟಲೆ ಬಿಚ್ಚುತ್ತ ಬಂದದ್ದರಿಂದ, ತಳದ ಮುಚ್ಚಳ ನೋಡಿದರೇ ಅದು ಯಾವ ವರ್ಷದ ಆಲೋಚನೆ ಎಂದು ಗೊತ್ತಾಗುವ ಮಟ್ಟಕ್ಕೆ ಬಂದಿದ್ದೇನೆ.

ಸಾಲಿನ ಆರಂಭ ಐಬಿಎಂ ಕಂಪನಿಯದು. 1981ರಲ್ಲಿ ಪರ್ಸನಲ್ ಕಂಪ್ಯೂಟರ್ ತಂದು ಮೇಜಿನ ಮೇಲಿನ ಗಣಕಕ್ಕೆ ಅಚ್ಚು ಹಾಕಿಕೊಟ್ಟ ಆ ಕಂಪನಿ, ಹೊತ್ತೊಯ್ಯುವ ಗಣಕದ ವಿಷಯದಲ್ಲಿ ಮಾತ್ರ ಬಹಳ ದಿನ ತಡವರಿಸಿತು. 1992ರ ಅಕ್ಟೋಬರ್‌ನಲ್ಲಿ ಥಿಂಕ್‌ಪ್ಯಾಡ್ 700ಸಿ ಬಂದಾಗಲೇ ಅದರ ಕಾಲು ನೆಲಕ್ಕೆ ಊರಿದ್ದು. 10.4 ಇಂಚಿನ ಬಣ್ಣದ ಪರದೆ, 25 ಮೆಗಾಹರ್ಟ್ಸ್‌ನ 486 ಜಾತಿಯ ಪ್ರೊಸೆಸರ್, 120 ಎಂಬಿ ಹಾರ್ಡ್ ಡಿಸ್ಕ್, 4,350 ಡಾಲರ್ ಬೆಲೆ: ಇದು ಆ ಯಂತ್ರದ ಜಾತಕ. ಕಂಪನಿಯ ನೌಕರರಿಗೆ ಕೊಡುತ್ತಿದ್ದ, ಚರ್ಮದ ಹೊದಿಕೆಯ ಮೇಲೆ ‘ಥಿಂಕ್’ ಎಂದು ಒತ್ತಿದ್ದ ಕಿಸೆ ಪುಸ್ತಕದಿಂದ ಹೆಸರು ಬಂದಿತು. ರೂಪ ಕೊಟ್ಟವರು ಮಿಲಾನ್‌ನಲ್ಲಿ ನೆಲೆಸಿದ್ದ ಜರ್ಮನ್ ವಿನ್ಯಾಸಕಾರ ರಿಚರ್ಡ್ ಸ್ಯಾಪರ್. ಮುಚ್ಚಿದಾಗ ಏನೂ ತೋರಗೊಡದ ಕಪ್ಪು ಪೆಟ್ಟಿಗೆ, ತೆರೆದಾಗ ಒಳಗಿನ ಅಚ್ಚುಕಟ್ಟು ಕಾಣಬೇಕು ಎಂಬ ಕಲ್ಪನೆಯನ್ನು ಅವರು ಜಪಾನಿನ ಬುತ್ತಿ ಡಬ್ಬಿಯಿಂದ ಪಡೆದರು. ಜಪಾನಿನ ಯಮಾಟೊ ಪ್ರಯೋಗಾಲಯದಲ್ಲಿ ಅರಿಮಾಸಾ ನೈಟೊ ಅವರ ತಂಡ ಅದನ್ನು ಯಂತ್ರವಾಗಿಸಿತು.

ಕೀಬೋರ್ಡಿನ ನಡುವಿನ ಕೆಂಪು ಗುಂಡಿಗೂ ಒಂದು ಕಥೆಯಿದೆ. ತುರ್ತಾಗಿ ವಿದ್ಯುತ್ ಕಡಿಯುವ ಸ್ವಿಚ್ಚಿಗೆ ಮಾತ್ರ ಕೆಂಪು ಬಣ್ಣ ಎಂಬ ನಿಯಮ ಐಬಿಎಂ ಒಳಗೆ ಇತ್ತು. ಇದು ಕೆಂಪಲ್ಲ, ಮಜೆಂಟಾ ಎಂದು ವಿನ್ಯಾಸದವರು ವಾದಿಸಿ ಒಪ್ಪಿಗೆ ಪಡೆದು, ಮುಂದೆ ಮೆಲ್ಲಗೆ ಬಣ್ಣವನ್ನು ಕೆಂಪಿನತ್ತ ಸರಿಸಿದರು. ಸರಕಾರಿ ಕಚೇರಿಗಳಲ್ಲಿ ಓಡಾಡಿದವರಿಗೆ ಈ ಉಪಾಯ ಹೊಸದೆನಿಸಲಾರದು.

ಟ್ರ್ಯಾಕ್‌ಪಾಯಿಂಟ್ ಎಂದು ಕರೆಯುವ ಆ ಗುಂಡಿಯನ್ನು ರೂಪಿಸಿದವರು ಟೆಡ್ ಸೆಲ್ಕರ್. ಕೀಲಿಗಳಿಂದ ಮೌಸಿಗೆ ಕೈ ಒಯ್ಯಲು ಮುಕ್ಕಾಲು ಸೆಕೆಂಡು ಬೇಕು, ಮರಳಿ ತರಲು ಹೆಚ್ಚುಕಡಿಮೆ ಅಷ್ಟೇ ಬೇಕು ಎಂಬ ಲೆಕ್ಕವನ್ನು ಓದಿ, ಕೈ ಕದಲಿಸದೆಯೇ ಬಾಣದ ಗುರುತನ್ನು ಸರಿಸುವ ದಾರಿಯನ್ನು ಅವರು ಹುಡುಕಿದರು. ಜಿ, ಎಚ್, ಬಿ ಕೀಲಿಗಳ ನಡುವೆ ಕೂತಿರುವ ಇದು ಅಲುಗಾಡುವ ವಸ್ತುವಲ್ಲ. ಬೆರಳು ಎಷ್ಟು ಒತ್ತಿತು, ಯಾವ ಕಡೆಗೆ ಒತ್ತಿತು ಎಂಬುದನ್ನು ಮಾತ್ರ ಅಳೆಯುತ್ತದೆ. ನನ್ನ ಗಿರಾಕಿಗಳಲ್ಲಿ ಹೆಚ್ಚಿನವರು ಮೊದಲ ದಿನ ಇದನ್ನು ಕಿತ್ತುಹಾಕಿ ಎನ್ನುತ್ತಾರೆ. ಸ್ಪೇಸ್ ಪಟ್ಟಿಯ ಕೆಳಗಿನ ಮೂರು ಗುಂಡಿಗಳಲ್ಲಿ ನಡುವಿನದನ್ನು ಹಿಡಿದುಕೊಂಡು ಈ ಕೆಂಪು ಗುಂಡಿಯನ್ನು ನಮ್ಮ ಕಡೆಗೆ ಒತ್ತಿದರೆ ಪುಟ ಸರಿಯುತ್ತದೆ ಎಂದು ತೋರಿಸಿದ ಮೇಲೆ ಅರ್ಧ ಜನ ಮನಸ್ಸು ಬದಲಿಸುತ್ತಾರೆ. ರಬ್ಬರ್ ಟೊಪ್ಪಿಗೆ ಸವೆದಿದ್ದರೆ ಹೊಸದನ್ನು ಹಾಕಿಕೊಡುತ್ತೇನೆ. ಆದರೆ ಹಳೆಯ ದಪ್ಪ ಯಂತ್ರದ ಟೊಪ್ಪಿಗೆಯನ್ನು ಈಚಿನ ತೆಳು ಯಂತ್ರಕ್ಕೆ ಹಾಕಬಾರದು. ಮುಚ್ಚಳ ಮುಚ್ಚಿದಾಗ ಅದು ಪರದೆಗೆ ಒತ್ತಿ ಕಲೆ ಮಾಡುತ್ತದೆ.

ಮುಂದಿನ ಹತ್ತು ವರ್ಷಗಳ ಯಂತ್ರಗಳು ನನ್ನ ಮೇಜಿಗೆ ಬಂದದ್ದು ಅಪರೂಪ. ಮುಚ್ಚಳ ತೆರೆದಾಗ ಎರಡು ತುಂಡುಗಳು ಸರಿದು ಅಗಲವಾಗುವ ಕೀಬೋರ್ಡಿನ 701 ಮಾದರಿಯನ್ನು (1995, ಜಾನ್ ಕರೀಡಿಸ್ ಅವರ ಕೈಚಳಕ) ಚಿತ್ರದಲ್ಲಷ್ಟೇ ನೋಡಿದ್ದೇನೆ. 2000ದಲ್ಲಿ ಟಿ20ಯೊಂದಿಗೆ ಟಿ ಸಾಲು ಶುರುವಾಯಿತು. ನಾನು ಬಿಚ್ಚಿದವುಗಳಲ್ಲಿ ಅತಿ ಹಳೆಯದು ಆ ಸಾಲಿನ ಟಿ42. 2004ರ ಡಿಸೆಂಬರ್‌ನಲ್ಲಿ ಐಬಿಎಂ ತನ್ನ ಗಣಕ ವಿಭಾಗವನ್ನು ಚೀನಾದ ಲೆನೋವೊಗೆ 125 ಕೋಟಿ ಡಾಲರ್‌ಗೆ ಮಾರುವುದಾಗಿ ಸಾರಿತು, 2005ರ ಮೇ ತಿಂಗಳಲ್ಲಿ ಕೈಬದಲು ಮುಗಿಯಿತು. ಇಲ್ಲಿಗೆ ಎಲ್ಲ ಕೆಟ್ಟಿತು ಎಂದು ಹಳಬರು ಹೇಳುವುದುಂಟು. ನಾನು ಒಪ್ಪುವುದಿಲ್ಲ. ಯಮಾಟೊದ ತಂಡ ಹೊಸ ಯಜಮಾನನ ಕೈಕೆಳಗೂ ಮುಂದುವರಿಯಿತು, 2006ರ ಟಿ60ಯ ಮೇಲೆ ಇನ್ನೂ ಐಬಿಎಂ ಗುರುತೇ ಇತ್ತು, ಒಳಗಿನ ಮೆಗ್ನೀಸಿಯಂ ಚೌಕಟ್ಟನ್ನು ನೋಡಿದ ಯಾವ ರಿಪೇರಿಯವನೂ ಅದನ್ನು ಅಗ್ಗದ ಮಾಲು ಎನ್ನಲಾರ.

ನಿಜವಾದ ಬದಲಾವಣೆಯ ಗೆರೆಯನ್ನು ನಾನು ಎಳೆಯುವುದು 2011 ಮತ್ತು 2012ರ ನಡುವೆ. 2011ರ ಟಿ420ಯಲ್ಲಿ ಏಳು ಸಾಲಿನ ಹಳೆಯ ಕೀಬೋರ್ಡ್ ಇದೆ. 2012ರ ಟಿ430ಯಲ್ಲಿ ಕೀಲಿಗಳು ಬಿಡಿಬಿಡಿ ದ್ವೀಪಗಳಾಗಿ, ಸಾಲುಗಳು ಆರಕ್ಕೆ ಇಳಿದಿವೆ. ಪರದೆಯ ಮುಂದೆ ಕೂತು ನೋಡುವವನಿಗೆ ಇದು ಸಣ್ಣ ವಿಷಯ. ದಿನವಿಡೀ ಟೈಪ್ ಮಾಡುವವನಿಗೆ ಹಾಗಲ್ಲ. ಧಾರವಾಡದಲ್ಲಿ ಹೈಕೋರ್ಟ್ ಪೀಠ ಬಂದ ಮೇಲೆ ವಕೀಲರ ಕಚೇರಿಗಳ ಟೈಪಿಸ್ಟರು ನನ್ನ ಖಾಯಂ ಗಿರಾಕಿಗಳಾಗಿದ್ದಾರೆ, ಅವರಲ್ಲಿ ಹಲವರು ಇವತ್ತಿಗೂ ಟಿ420ಯನ್ನೇ ಕೇಳುತ್ತಾರೆ. ಅವರ ಯಂತ್ರ ರಿಪೇರಿಗೆ ಬಂದಾಗ ಕೀಬೋರ್ಡನ್ನು ಬೆಳಕಿಗೆ ಓರೆ ಹಿಡಿದು ನೋಡಿದರೆ ಎಫ್ ಕೀಲಿ ಎಲ್ಲಕ್ಕಿಂತ ಹೆಚ್ಚು ಹೊಳೆಯುತ್ತಿರುತ್ತದೆ. ನುಡಿ ತಂತ್ರಾಂಶದ ಕೀಲಿ ವಿನ್ಯಾಸದಲ್ಲಿ ಒತ್ತಕ್ಷರಕ್ಕೆ ಎಫ್ ಬೇಕು. ‘ಕನ್ನಡ’ ಎಂದು ಬರೆಯಲು ಕೆ, ಎನ್, ಎಫ್, ಎನ್, ಡಬ್ಲ್ಯೂ ಒತ್ತಬೇಕು. ಇಂಗ್ಲಿಷ್ ಕಚೇರಿಯಿಂದ ಬಂದ ಯಂತ್ರದಲ್ಲಿ ಈ ಹೊಳಪು ಇ ಕೀಲಿಯ ಮೇಲೆ ಮತ್ತು ಸ್ಪೇಸ್ ಪಟ್ಟಿಯ ಬಲತುದಿಯಲ್ಲಿ ಇರುತ್ತದೆ.

ಟಿ420ಯನ್ನು ಬಿಚ್ಚುವುದು ನನಗೆ ಇಂದಿಗೂ ಇಷ್ಟದ ಕೆಲಸ. ತಳವನ್ನು ಮೇಲೆ ಮಾಡಿದರೆ ಕೀಬೋರ್ಡಿನ ಸ್ಕ್ರೂಗಳ ಪಕ್ಕದಲ್ಲಿ ಕೀಬೋರ್ಡಿನದೇ ಪುಟ್ಟ ಚಿತ್ರ ಕೊರೆದಿರುತ್ತದೆ. ಅವನ್ನು ತೆಗೆದು, ಯಂತ್ರವನ್ನು ನೆಟ್ಟಗೆ ಮಾಡಿ, ಕೀಬೋರ್ಡನ್ನು ಪರದೆಯ ಕಡೆಗೆ ತುಸು ಜಾರಿಸಿದರೆ ಮುಂದಿನ ಅಂಚು ಎದ್ದು ಕೈಗೆ ಬರುತ್ತದೆ. ಮೇಲೆ ಚೆಲ್ಲಿದ ಚಹಾ ಮದರ್‌ಬೋರ್ಡಿಗೆ ತಾಗದಂತೆ ತಳಕ್ಕೆ ಇಳಿಸಿಬಿಡುವ ತೂತುಗಳಿವೆ. ಅವುಗಳ ಸುತ್ತ ಅಂಟಿದ ಕಂದು ಕಲೆಯಿಂದ ಹಳೆಯ ಮಾಲೀಕನ ಅಭ್ಯಾಸ ತಿಳಿಯುತ್ತದೆ. ಹಾರ್ಡ್ ಡಿಸ್ಕ್ ಒಂದು ಸ್ಕ್ರೂ ಬಿಚ್ಚಿದರೆ ಪಕ್ಕದಿಂದ ಹೊರಬರುತ್ತದೆ. ಪ್ರೊಸೆಸರ್ ಕೂಡ ಸಾಕೆಟ್ಟಿನಲ್ಲಿ ಕೂತಿರುವುದರಿಂದ ಬದಲಿಸಬಹುದು. ಗದಗಿನ ಹತ್ತಿ ವ್ಯಾಪಾರದ ಅಂಗಡಿಯೊಂದರಿಂದ ಬಂದ ಯಂತ್ರದಲ್ಲಿ ಫ್ಯಾನ್ ತೆಗೆದಾಗ, ತಾಮ್ರದ ರೆಕ್ಕೆಗಳ ಬಾಯಿಗೆ ಹತ್ತಿಯ ಎಳೆ ಮತ್ತು ಧೂಳು ಕೂಡಿ ಕಂಬಳಿಯ ತುಂಡಿನಂತೆ ಗಟ್ಟಿಯಾದ ಪದರ ಕಂಡಿತು. ಊದಿದರೆ ಅದು ಹೋಗುವಂಥದ್ದಲ್ಲ, ಚಿಮುಟದಿಂದ ಒಂದೇ ಹಾಳೆಯಾಗಿ ಎಳೆದೆ. ಪ್ರೊಸೆಸರಿನ ಬಿಸಿಯನ್ನು ತಾಮ್ರಕ್ಕೆ ದಾಟಿಸುವ, ಒಣಗಿ ಪುಡಿಯಾಗಿದ್ದ ಹಳೆಯ ಥರ್ಮಲ್ ಪೇಸ್ಟನ್ನು ಐಸೊಪ್ರೊಪೈಲ್ ಆಲ್ಕೊಹಾಲಿನಲ್ಲಿ ಒರೆಸಿ ಹೊಸದನ್ನು ಹಚ್ಚಿದ ಮೇಲೆ, ತಾನಾಗಿ ಆರಿಹೋಗುತ್ತಿದ್ದ ಯಂತ್ರ ಮತ್ತೆ ದಿನವಿಡೀ ನಡೆಯಿತು.

2013ರ ಟಿ440ಯಲ್ಲಿ ಚಿತ್ರ ಬದಲಾಗುತ್ತದೆ. ಯಂತ್ರ ತೆಳುವಾಯಿತು, ಪ್ರೊಸೆಸರ್ ಬೋರ್ಡಿಗೇ ಬೆಸುಗೆಯಾಯಿತು, ಸಣ್ಣ ಸಣ್ಣ ಬಾಗಿಲುಗಳ ಬದಲು ತಳವೆಲ್ಲ ಒಂದೇ ಮುಚ್ಚಳವಾಯಿತು. ಟ್ರ್ಯಾಕ್‌ಪಾಯಿಂಟಿಗೆ ಬೇಕಾದ ಮೂರು ಗುಂಡಿಗಳನ್ನು ತೆಗೆದು, ಟಚ್‌ಪ್ಯಾಡಿನ ಮೇಲಂಚನ್ನೇ ಒತ್ತಬೇಕೆಂದು ಮಾಡಿದರು. ಕೆಂಪು ಗುಂಡಿಯನ್ನು ಉಳಿಸಿಕೊಂಡು ಅದರ ಜೊತೆಗಾರರನ್ನು ಕಿತ್ತುಹಾಕಿದ ಈ ತೀರ್ಮಾನ ನನಗೆ ಅಂದೂ ಅರ್ಥವಾಗಲಿಲ್ಲ, ಇಂದೂ ಆಗಿಲ್ಲ. ಬಳಸುವವರ ಗದ್ದಲ ಕೇಳಿಸಿರಬೇಕು, 2015ರ ಟಿ450ಯಲ್ಲಿ ಗುಂಡಿಗಳು ಮರಳಿದವು. ಆದರೆ ಟಿ440ಗೆ ಒಂದು ಪುಣ್ಯ ಸಲ್ಲಬೇಕು. ಒಳಗೊಂದು, ಹಿಂದೊಂದು ಹೀಗೆ ಎರಡು ಬ್ಯಾಟರಿಗಳ ಏರ್ಪಾಡು ಅಲ್ಲಿಂದ ಶುರುವಾಗಿ ಟಿ480ವರೆಗೆ ನಡೆಯಿತು. ಒಳಗಿನ ಬ್ಯಾಟರಿ ಯಂತ್ರವನ್ನು ಹಿಡಿದಿರುವಾಗಲೇ ಹಿಂದಿನದನ್ನು ತೆಗೆದು ತುಂಬಿದ ಇನ್ನೊಂದನ್ನು ಹಾಕಬಹುದು. ಕರೆಂಟು ಹೋಗಿ ಬರುವ ಊರುಗಳಿಗೆ ಇದಕ್ಕಿಂತ ಒಳ್ಳೆಯ ಏರ್ಪಾಡನ್ನು ನಾನು ಯಾವ ಲ್ಯಾಪ್‌ಟಾಪಿನಲ್ಲೂ ಕಂಡಿಲ್ಲ.

ಹೀಗಾಗಿ ಈಗ ನನ್ನ ಅಂಗಡಿಯ ಅನ್ನ ಟಿ480. ಇದು 2018ರ ಮಾದರಿ: ಎರಡು ರ‍್ಯಾಮ್ ಸ್ಲಾಟುಗಳು, ಎರಡು ಬ್ಯಾಟರಿ, ಯುಎಸ್‌ಬಿ-ಸಿ ಚಾರ್ಜಿಂಗ್. ಬಿಚ್ಚುವ ಮೊದಲು ಬಯೋಸ್‌ಗೆ (ಯಂತ್ರ ಚಾಲೂ ಆಗುವಾಗ ಎಲ್ಲಕ್ಕಿಂತ ಮೊದಲು ಓಡುವ ಮೂಲ ತಂತ್ರಾಂಶಕ್ಕೆ) ಹೋಗಿ ಒಳಗಿನ ಬ್ಯಾಟರಿಯನ್ನು ನಿಷ್ಕ್ರಿಯಗೊಳಿಸುವ ಆಯ್ಕೆ ಒತ್ತುತ್ತೇನೆ, ಇಲ್ಲದಿದ್ದರೆ ಹಿಂದಿನ ಬ್ಯಾಟರಿ ತೆಗೆದ ಮೇಲೂ ಬೋರ್ಡಿನಲ್ಲಿ ವಿದ್ಯುತ್ ಹರಿಯುತ್ತಿರುತ್ತದೆ. ತಳದ ಆರು ಸ್ಕ್ರೂಗಳು ಸಡಿಲಾದರೂ ಮುಚ್ಚಳದಲ್ಲೇ ಉಳಿಯುವುದರಿಂದ ಕಳೆಯುವ ಭಯವಿಲ್ಲ. ಆಮೇಲೆ ಹಳೆಯ ಗಿಟಾರ್ ಪಿಕ್ಕಿನಿಂದ ಅಂಚಿನ ಹಿಡಿಕೆಗಳನ್ನು ಒಂದೊಂದಾಗಿ ಬಿಡಿಸುತ್ತೇನೆ. ಸ್ಕ್ರೂ ಡ್ರೈವರಿನಿಂದ ಮೀಟಿದ ಗುರುತು ಅಂಚಿನಲ್ಲಿದ್ದರೆ, ಅವಸರದ ಕೈ ಮೊದಲೇ ಒಳಗೆ ಹೋಗಿ ಬಂದಿದೆ ಎಂದು ತಿಳಿದು ಬೆಲೆ ಇಳಿಸಿ ಕೇಳುತ್ತೇನೆ.

ಧಾರವಾಡದ ಸಪ್ತಾಪುರದಲ್ಲಿ ಸ್ಪರ್ಧಾತ್ಮಕ ಪರೀಕ್ಷೆಗೆ ಓದುತ್ತಿದ್ದ ರೋಣದ ಹುಡುಗನೊಬ್ಬ ಮೇಜಿನ ಮೇಲಿದ್ದ ಎರಡು ಟಿ480ಗಳನ್ನು ತಿರುಗಿಸಿ ಮುರುಗಿಸಿ ನೋಡಿ, “ಅಣ್ಣಾರ, ಎರಡೂ ಒಂದ ನಮೂನಿ ಅದಾವ, ಇದಕ್ಯಾಕ್ರೀ ರೊಕ್ಕ ಜಾಸ್ತಿ?” ಎಂದು ಕೇಳಿದ. “ಒಳಗ ನೋಡು ತಮ್ಮಾ, ಐ5 ಆದ ಮ್ಯಾಲೆ ಬರೋ ಅಂಕಿ ಏನೈತಿ?” ಎಂದೆ. ಒಂದರಲ್ಲಿ 7300 ಇತ್ತು, ಇನ್ನೊಂದರಲ್ಲಿ 8350. ಇದರ ಮೊದಲ ಅಂಕಿ ಪ್ರೊಸೆಸರಿನ ತಲೆಮಾರನ್ನು ಹೇಳುತ್ತದೆ. ಟಿ480 ಏಳನೆಯ ತಲೆಮಾರಿನ ಪ್ರೊಸೆಸರಿನೊಂದಿಗೂ ಮಾರಾಟವಾಗಿತ್ತು, ಎಂಟನೆಯದರೊಂದಿಗೂ. ವಿಂಡೋಸ್ 11ಕ್ಕೆ ಅಧಿಕೃತ ಬೆಂಬಲ ಸಿಗುವುದು ಎಂಟನೆಯ ತಲೆಮಾರಿನಿಂದ. 2025ರ ಅಕ್ಟೋಬರ್ 14ಕ್ಕೆ ವಿಂಡೋಸ್ 10ರ ಬೆಂಬಲ ನಿಂತ ಮೇಲೆ ಈ ಒಂದು ಅಂಕಿಯೇ ಬೆಲೆಯನ್ನು ನಿರ್ಧರಿಸುತ್ತಿದೆ. ಅದಕ್ಕಿಂತ ಹಳೆಯ ಯಂತ್ರಗಳಿಗೆ ಲಿನಕ್ಸ್ ಹಾಕಿ ಕೊಡುತ್ತೇನೆ. ನುಡಿಯದೇ ಕೀಲಿ ವಿನ್ಯಾಸ ಅಲ್ಲಿಯೂ ಕೆಜಿಪಿ ಎಂಬ ಹೆಸರಿನಲ್ಲಿ ಸಿಗುವುದರಿಂದ ಕನ್ನಡ ಟೈಪಿಸ್ಟರಿಗೆ ತೊಂದರೆಯಾಗಿಲ್ಲ.

ಲಾಟು ಕೊಳ್ಳುವಾಗ ನಾನು ಮೊದಲು ನೋಡುವುದು ಪರದೆಯನ್ನಲ್ಲ. ಯಂತ್ರ ಚಾಲೂ ಮಾಡಿ ಎಫ್1 ಒತ್ತಿ ಬಯೋಸ್ ತೆರೆಯುತ್ತೇನೆ. ಸೂಪರ್‌ವೈಸರ್ ಪಾಸ್‌ವರ್ಡ್ ಕೇಳಿದರೆ ಅದನ್ನು ಬದಿಗಿಡುತ್ತೇನೆ. ಬೇರೆ ಯಂತ್ರಗಳಲ್ಲಿ ನಡೆಯುವಂತೆ ಒಳಗಿನ ನಾಣ್ಯದ ಸೆಲ್ ತೆಗೆದರೆ ಇದು ಅಳಿಸುವುದಿಲ್ಲ. ಬೇರೆಯೇ ಚಿಪ್ಪಿನಲ್ಲಿ ಕೂತಿರುತ್ತದೆ, ಕಂಪನಿಯ ಪ್ರಕಾರ ಮದರ್‌ಬೋರ್ಡ್ ಬದಲಿಸುವುದೊಂದೇ ಪರಿಹಾರ. ಅದರ ನಂತರ ಬ್ಯಾಟರಿ. 2012ರ ಟಿ430, ಎಕ್ಸ್230 ತಲೆಮಾರಿನಿಂದ ಯಂತ್ರವು ಬ್ಯಾಟರಿ ಅಸಲಿಯೇ ಎಂದು ಪರೀಕ್ಷಿಸುತ್ತದೆ, ಅಲ್ಲವೆಂದು ಕಂಡರೆ ಚಾರ್ಜು ಮಾಡುವುದಿಲ್ಲ. ಆದ್ದರಿಂದ ಅಗ್ಗದ ಬ್ಯಾಟರಿಯನ್ನು ಹಾಕಿ ನೋಡದೆ ಕೊಳ್ಳುವುದಿಲ್ಲ. ಟಿ420ಯಂಥ ಹಳೆಯ ಮಾದರಿಗಳಲ್ಲಿ ವೈ-ಫೈ ಕಾರ್ಡಿಗೂ ಇಂಥದೇ ಕಟ್ಟು ಇದೆ. ತನ್ನ ಪಟ್ಟಿಯಲ್ಲಿಲ್ಲದ ಕಾರ್ಡನ್ನು ಕಂಡರೆ ಬಯೋಸ್ ಮುಂದಕ್ಕೇ ಹೋಗುವುದಿಲ್ಲ. ಕೈಪಿಡಿಯನ್ನು ಊರಿಗೆಲ್ಲ ತೆರೆದಿಟ್ಟ ಕಂಪನಿಯೇ ಇಂಥ ಬೀಗಗಳನ್ನೂ ಹಾಕಿದ್ದು ಈ ಸಾಲಿನ ವಿಚಿತ್ರ.

2019ರ ಟಿ490ಯಲ್ಲಿ ಹಿಂದಿನ ಬ್ಯಾಟರಿ ಹೋಯಿತು, ಎರಡರಲ್ಲಿ ಒಂದು ರ‍್ಯಾಮ್ ಬೋರ್ಡಿಗೆ ಬೆಸುಗೆಯಾಯಿತು. ಬೆಸುಗೆಯಾದ ರ‍್ಯಾಮ್ ಕೆಟ್ಟರೆ ನನ್ನಂಥವನಿಗೆ ಕೆಲಸ ದುಬಾರಿ, ಗಿರಾಕಿಗೆ ಇನ್ನೂ ದುಬಾರಿ. ಹಾಗಾಗಿ ಟಿ490 ಲಾಟುಗಳಲ್ಲಿ ಮೊದಲೇ 16 ಜಿಬಿ ಇರುವ ಯಂತ್ರಗಳನ್ನಷ್ಟೇ ಆರಿಸುತ್ತೇನೆ. ಪೂರ್ತಿ ಬೆಸುಗೆಯ ರ‍್ಯಾಮ್ ಇರುವ ಎಕ್ಸ್1 ಕಾರ್ಬನ್‌ಗಳನ್ನು ಯಾರಾದರೂ ಮೊದಲೇ ಕೇಳಿಟ್ಟಿದ್ದರೆ ಮಾತ್ರ ತರಿಸುತ್ತೇನೆ. ಇದೇ ಟಿ ಸಾಲಿನ ಮುಂದುವರಿಕೆಯಾದ ಟಿ14ರ ಐದನೆಯ ತಲೆಮಾರಿನಲ್ಲಿ (2024) ಎರಡೂ ರ‍್ಯಾಮ್ ಸ್ಲಾಟುಗಳು ಮರಳಿವೆ, ಬ್ಯಾಟರಿಯನ್ನು ಬಳಸುವವರೇ ಬದಲಿಸಬಹುದು, ಬಿಚ್ಚಿ ಅಂಕ ಕೊಡುವ ಐಫಿಕ್ಸಿಟ್ ಸಂಸ್ಥೆ ಅದಕ್ಕೆ ಹತ್ತರಲ್ಲಿ ಒಂಬತ್ತು ಕೊಟ್ಟಿದೆ. ಬಾಡಿಗೆಯ ಅವಧಿ ಮುಗಿದು ಅವು ಹುಬ್ಬಳ್ಳಿಯವರೆಗೆ ಇಳಿದುಬರಲು ಇನ್ನೂ ಸಮಯ ಬೇಕು. ಅದರ ಕೈಪಿಡಿಯನ್ನು ಮಾತ್ರ ಈಗಲೇ ಇಳಿಸಿಕೊಂಡು, ತಳ ಬಿಚ್ಚುವ ಪುಟಗಳನ್ನು ಮುದ್ರಿಸಿ ಮೇಜಿನ ಗಾಜಿನ ಕೆಳಗೆ ಇಟ್ಟಿದ್ದೇನೆ.