ಅನುಮಾನ ಬಂದಾಗ ನಾನು ಮಾಡಿದ್ದು: ಸ್ಕೂಲ್ ಬಸ್ ಡ್ರೈವರ್ ಅನುಭವ

ಮಗುವಿನ ಮೇಲೆ ಲೈಂಗಿಕ ದೌರ್ಜನ್ಯದ ಅನುಮಾನ ಬಂದರೆ ಪೊಲೀಸರಿಗೆ ತಿಳಿಸಿ ಅಂದರೆ, ‘ಬಸ್ ಓಡಿಸೋರಿಗೆ ಇದೆಲ್ಲ ಯಾಕೆ’ ಅಂತ ನಮ್ಮ ಡ್ರೈವರ್‌ಗಳೇ ಕೇಳುತ್ತಾರೆ. 2012ರ ಪೋಕ್ಸೋ ಕಾಯ್ದೆಯ 19ನೇ ಸೆಕ್ಷನ್ ನೋಡಿ. ಮಗುವಿನ ಮೇಲೆ ಲೈಂಗಿಕ ದೌರ್ಜನ್ಯ ನಡೆದಿದೆ ಅಂತ ಗೊತ್ತಾದರೆ, ನಡೆಯಬಹುದು ಅನ್ನುವ ಆತಂಕ ಇದ್ದರೂ ಸರಿ, ಯಾರೇ ಆಗಲಿ ಪೊಲೀಸರಿಗೆ ತಿಳಿಸಲೇಬೇಕು. ಸುಮ್ಮನಿದ್ದರೆ 6 ತಿಂಗಳವರೆಗೆ ಜೈಲು, ಇಲ್ಲವೇ ದಂಡ, ಅಥವಾ ಎರಡೂ.

ನನ್ನ ರೂಟಿನಲ್ಲಿ ಒಬ್ಬಳು ಪುಟ್ಟ ಹುಡುಗಿ, ಸ್ಟಾಪ್ ಬರುವ ಮೊದಲೇ ಬ್ಯಾಗ್ ಹಾಕಿಕೊಂಡು ಬಾಗಿಲ ಹತ್ತಿರ ನಿಲ್ಲುವವಳು. ಅಮ್ಮನ ಬದಲು ಪರಿಚಯದವನೊಬ್ಬ ಕರೆದೊಯ್ಯಲು ಬರತೊಡಗಿದ ಮೇಲೆ ಸೀಟಿನ ಕಂಬಿ ಬಿಗಿಯಾಗಿ ಹಿಡಿದು ಕೂತುಬಿಡುತ್ತಿದ್ದಳು. ಒಂದು ಸಂಜೆ ಆಯಾ ಹತ್ತಿರ ‘ಆ ಅಂಕಲ್ ಮುಟ್ತಾರೆ, ನಾನು ಹೋಗಲ್ಲ’ ಅಂದಳು.

ಅವನ ಜೊತೆ ಕಳಿಸಲಿಲ್ಲ. ಆಯಾ ಪಕ್ಕದಲ್ಲೇ ಕೂರಿಸಿಕೊಂಡರು, ಅಮ್ಮನಿಗೆ ಫೋನ್ ಮಾಡಿ ಅವರ ಕೈಗೇ ಒಪ್ಪಿಸಿದೆವು. ಎಲ್ಲಿ, ಯಾವಾಗ, ಹೇಗೆ ಅಂತ ಮಗುವನ್ನು ಕೆದಕಲಿಲ್ಲ. ಅದು ನಮ್ಮ ಕೆಲಸ ಅಲ್ಲ, ಕಂಡವರೆಲ್ಲ ಕೇಳುತ್ತಾ ಹೋದರೆ ಮಗು ಬಾಯಿ ಬಿಡುವುದನ್ನೇ ನಿಲ್ಲಿಸುತ್ತದೆ. ಅವಳು ಅಂದ ಮಾತನ್ನು ಇದ್ದ ಹಾಗೇ, ತಾರೀಖು, ಟೈಮ್ ಸಮೇತ ನನ್ನ ಡೈರಿಯಲ್ಲಿ ಬರೆದೆ. ಟ್ರಿಪ್ ಶೀಟಿನಲ್ಲಿ ಬರೆಯಬೇಡಿ, ಅದು ಎಲ್ಲರ ಕೈಗೂ ಹೋಗುತ್ತದೆ.

ಶಾಲೆಯವರಿಗೂ ಹೇಳಿದೆ. ‘ನಾವು ನೋಡ್ಕೋತೀವಿ, ನೀವು ಸುಮ್ನಿರಿ’ ಅಂದರು. ಎಷ್ಟೋ ಜನ ಇಲ್ಲಿಗೇ ನಿಲ್ಲಿಸುತ್ತಾರೆ. ಆದರೆ ಆಫೀಸಿಗೆ ಹೇಳಿದ ಮಾತ್ರಕ್ಕೆ ನಮ್ಮ ಹೊಣೆ ತೀರುವುದಿಲ್ಲ, ವಿಷಯ ಪೊಲೀಸರಿಗೆ ಮುಟ್ಟಬೇಕು. ಮಕ್ಕಳ ಸಹಾಯವಾಣಿ 1098ಕ್ಕೆ ಫೋನ್ ಮಾಡಿ, ಅವತ್ತೇ ರಾತ್ರಿ ಆಯಾ ಜೊತೆ ಸ್ಟೇಷನ್‌ಗೆ ಹೋದೆ. ಹೇಳಿದ್ದನ್ನು ಬರೆದುಕೊಂಡು, ಎಂಟ್ರಿ ನಂಬರ್ ಹಾಕಿ, ನಮಗೆ ಓದಿ ಹೇಳಬೇಕು ಅಂತ ಕಾಯ್ದೆಯಲ್ಲೇ ಇದೆ. ಓದಿದಾಗ ‘ಅಸಭ್ಯ ವರ್ತನೆ’ ಅಂತ ಕೇಳಿಸಿತು. ಮಗುವಿನ ಮಾತನ್ನೇ ಬರೆಯಿರಿ ಸಾರ್ ಅಂತ ಕೇಳಿಕೊಂಡೆ, ಬರೆದರು. ಆಮೇಲೆ ಮಹಿಳಾ ಎಸ್‌ಐ ಒಬ್ಬರು ಯೂನಿಫಾರ್ಮ್ ಇಲ್ಲದೆ ಮಗುವಿನ ಮನೆಗೇ ಹೋಗಿ ಹೇಳಿಕೆ ಪಡೆದರು.

ಡ್ರೈವರ್‌ಗಳು ಜಾಸ್ತಿ ಹೆದರುವುದು ‘ಅನುಮಾನ ಸುಳ್ಳಾದರೆ?’ ಅಂತ. ಒಳ್ಳೆ ಮನಸ್ಸಿನಿಂದ ತಿಳಿಸಿದವರ ಮೇಲೆ ಕೇಸ್ ಹಾಕುವಂತಿಲ್ಲ ಅಂತ ಅದೇ 19ನೇ ಸೆಕ್ಷನ್ ಹೇಳುತ್ತದೆ. ಸಾಕ್ಷಿ ಹುಡುಕುವುದು ಪೊಲೀಸರ ಕೆಲಸ. ಮಗುವಿನ ಹೆಸರು, ಫೋಟೋ ಮಾತ್ರ ಯಾವ ವಾಟ್ಸಾಪ್ ಗ್ರೂಪಿಗೂ ಹಾಕಬೇಡಿ.